ಅಪ್ಪನ ದನಿಯಲ್ಲಿ ಬಂದದ್ದು

ಬಸ್ಸು ಹುಮನಾಬಾದ್ ರಿಂಗ್ ರಸ್ತೆ ದಾಟಿ ಬಯಲಿಗೆ ಬೀಳುವ ತನಕ ಹಣಮಂತರಾಯ ಅಂಗಿಯ ಕಿಸೆಗೆ ಕೈ ಹಾಕಲಿಲ್ಲ. ಕಿಸೆಯಲ್ಲಿ ಫೋನಿತ್ತು. ನಿನ್ನೆ ಸಂಜೆಯೇ ಬಂದ್ ಮಾಡಿ ಇಟ್ಟದ್ದು. ಬಂದ್ ಮಾಡಿದರೇನು, ಅದರೊಳಗೆ ಯಾರೋ ಕೂತಿದ್ದಾನೆ; ತನ್ನ ಹೆಸರು ಹೇಳಿಕೊಂಡು, ತನ್ನ ಮುಖ ಇಟ್ಟುಕೊಂಡು ಕೂತಿದ್ದಾನೆ. ತಾನು ಕಮಲಾಪುರ ಮುಟ್ಟುವುದರೊಳಗೆ ಅವನು ಸುಮಂಗಲಾಳ ಜೊತೆ ಏನೇನು ಮಾತಾಡಿ ಮುಗಿಸಿರುತ್ತಾನೋ. ಅವನಿಗೆ ಬಸ್ಸು ಬೇಡ, ಟಿಕೆಟ್ಟು ಬೇಡ. ಕಂಡಕ್ಟರ್ ಬಂದು ಎಲ್ಲಿಗ್ರಿ ಅಂದಾಗ ಹಣಮಂತರಾಯ ಕಮಲಾಪುರ ಅನ್ನುವ ಮಾತನ್ನು ಕದ್ದ ಮಾಲು ಕೊಡುವವನ ಹಾಗೆ ಸಣ್ಣ ದನಿಯಲ್ಲಿ ಹೇಳಿದ. "ಜೋರ್ಲೆ ಹೇಳ್ರಿ ಕಾಕಾ, ಊರಿನ ಹೆಸರು ಹೇಳಾಕ ಏನು ನಾಚಿಕಿ?" ಅಂದ ಕಂಡಕ್ಟರ್. ಹಿಂದಿನ ಸೀಟಿನವರು ನಕ್ಕರು. ಮೂವತ್ತಾರು ಕಿಲೋಮೀಟರ್ ದೂರದ ಊರು. ಮಗಳು ಮೂರು ವರ್ಷದಿಂದ ಅಲ್ಲಿದ್ದಾಳೆ. ಈ ಮೂರು ವರ್ಷದಲ್ಲಿ ಅವನು ಎರಡು ಸಲ ಅಲ್ಲಿನ ಬಸ್ ಸ್ಟ್ಯಾಂಡಿನ ತನಕ ಹೋಗಿ, ಕಲ್ಲುಬೆಂಚಿನ ಮೇಲೆ ಒಂದು ತಾಸು ಕೂತು, ಅದೇ ಬಸ್ಸು ತಿರುಗಿ ಬಂದಾಗ ಹತ್ತಿ ಬಂದಿದ್ದ. ಯಾರೂ ಒಳಗೆ ಕರೆಯದೆ ಒಳಗೆ ಹೋಗುವುದು ಅವನಿಗೆ ಗೊತ್ತಿಲ್ಲದ ವಿದ್ಯೆ.

ಮೂವತ್ತನಾಲ್ಕು ವರ್ಷ ಅವನು ಸಾಹೇಬರ ಬಾಗಿಲ ಮುಂದೆ ಸ್ಟೂಲಿನ ಮೇಲೆ ಕೂತವನು. ನಾಲ್ಕನೇ ಇಯತ್ತೆಗೆ ಸಾಲಿ ಬಿಟ್ಟವನಿಗೆ ಚಪರಾಸಿ ಕೆಲಸ ಸಿಕ್ಕದ್ದೇ ದೊಡ್ಡದು. ಬಂದವರು ಹೆಸರು ಬರೆದು ಚೀಟಿ ಕೊಡಬೇಕು, ಅವನು ಅದನ್ನು ಒಳಗೆ ಒಯ್ದು ಮೇಜಿನ ಅಂಚಿಗೆ ಇಡಬೇಕು, ಸಾಹೇಬರು ತಲೆ ಎತ್ತಿದರೆ ಒಳಗೆ ಬಿಡಬೇಕು, ಎತ್ತದಿದ್ದರೆ ಹೊರಗೆ ಬಂದು ನಾಳೆ ಬರ್ರಿ ಅನ್ನಬೇಕು. ಸಾಹೇಬರು ಬದಲಾದರು, ಫ್ಯಾನು ಬದಲಾಯಿತು, ನಾಳೆ ಬರ್ರಿ ಅನ್ನುವ ಮಾತು ಬದಲಾಗಲಿಲ್ಲ. ಅದು ಅವನ ಬಾಯಿಗೆ ಉಗುಳಿನ ಹಾಗೆ ತಾನೇ ಬರುತ್ತಿತ್ತು. ಒಮ್ಮೆ ಚಿಂಚೋಳಿ ಕಡೆಯ ಒಬ್ಬ ಮುದುಕಿ ಸೆರಗಿನ ಗಂಟು ಬಿಗಿಹಿಡಿದುಕೊಂಡು ಕೇಳಿದ್ದಳು, "ನಾಳಿ ಅಂದ್ರ ಯಾವತ್ತಪ್ಪಾ?" ಅಂತ. ಪಕ್ಕದ ಬಾಗಿಲ ಸ್ಟೂಲಿನ ಮೇಲಿದ್ದ ಬುರ್ಹಾನುದ್ದೀನ್ ಹೊಟ್ಟೆ ಹಿಡಿದು ನಕ್ಕಿದ್ದ. ಹಣಮಂತರಾಯನೂ ನಕ್ಕಿದ್ದ. ನಾಳೆ ಅಂದರೆ ಯಾವತ್ತು ಎಂದು ಕೇಳುವವರೂ ಇರುತ್ತಾರಲ್ಲ ಅಂತ ಇಬ್ಬರೂ ಅದನ್ನು ವರ್ಷಗಟ್ಟಲೆ ಚಹಾದ ಜೊತೆ ಹೇಳಿಕೊಂಡು ನಕ್ಕರು. ಮುದುಕಿ ಮರುದಿನ ಬಂದಳೋ ಇಲ್ಲವೋ ಈಗ ನೆನಪಿಲ್ಲ. ಎಲ್ಲ ನೆನಪಿರುವವನಿಗೆ ಅದೊಂದು ನೆನಪಿಲ್ಲ.

ಸುಮಂಗಲಾ ಬಂದದ್ದೂ ಅದೇ ಬಾಗಿಲಿಗೆ. ಮನೆಯಲ್ಲಿ ಅಣ್ಣನಂತೆ ಜಬರ್ದಸ್ತು ಮಾಡುವ ತಮ್ಮ ಸುಧಾಕರ, ಅವ್ವ, ಓಣಿಯ ಕಿವಿ, ಇವೆಲ್ಲ ಇರುತ್ತವೆ ಅಂತ ಅವಳು ಕಚೇರಿಗೇ ಬಂದಳು. ನರ್ಸಿನ ಬಿಳಿ ಬಟ್ಟೆಯಲ್ಲೇ ಇದ್ದಳು, ಡ್ಯೂಟಿಯಿಂದ ನೇರ ಬಂದಿದ್ದಳು. ಜನರ ನಡುವೆ ಸಾಲಿನಲ್ಲಿ ನಿಂತು, ತನ್ನ ಪಾಳಿ ಬಂದಾಗ, ಒಂದು ಚೀಟಿ ಅವನ ಕೈಗೆ ಕೊಟ್ಟಳು. ಅವನು ಅಕ್ಷರ ಕೂಡಿಸಿ ಕೂಡಿಸಿ ಓದಿದ. ಅಪ್ಪಾ, ಕಮಲಾಪುರದ ಅರುಣಕುಮಾರನ್ನ ಲಗ್ನ ಆಗಬೇಕಂತ ಮಾಡೀನಿ. ನಿನ್ನ ಅನುಮತಿ ಬೇಕು. ಅವಳ ಮುಖದಲ್ಲಿ ಒಂದು ಸಣ್ಣ ನಗೆಯಿತ್ತು, ಅಪ್ಪನಿಗೆ ಅಪ್ಪನ ಭಾಷೆಯಲ್ಲೇ ಅರ್ಜಿ ಹಾಕಿದ್ದೇನೆ ನೋಡು ಅನ್ನುವಂಥದ್ದು. ಹಣಮಂತರಾಯ ಚೀಟಿ ಮಡಚಿದ. ಕಮಲಾಪುರದ ಆ ಮಂದಿ ಯಾರು ಅಂತ ಅವನಿಗೆ ಗೊತ್ತಿತ್ತು. ಹೊಲ ಮನಿ ಇದ್ದವರು, ಕೊರಳಲ್ಲಿ ಲಿಂಗ ಇದ್ದವರು. ಅಂಥವರು ನಮ್ಮ ಓಣಿಗೆ ಬಂದರೆ ಓಟು ಕೇಳಲಿಕ್ಕೆ ಬರಬೇಕು, ಇಲ್ಲ ಕೋಲು ಹಿಡಿದು ಬರಬೇಕು. ಬೇಡ ಅನ್ನಲು ಅವನಿಗೆ ಕಾರಣ ಇರಲಿಲ್ಲ, ಹೂಂ ಅನ್ನಲು ಧೈರ್ಯ ಇರಲಿಲ್ಲ. ಹಿಂದೆ ನಿಂತವರು ಕೆಮ್ಮಿದರು. ಒಳಗೆ ಸಾಹೇಬರು ಗಂಟೆ ಬಾರಿಸಿದರು. ಎದ್ದು ಹೋಗುತ್ತ ಅವನು ಮಗಳಿಗೆ ಅಂದದ್ದು ಅದೇ ಮಾತು. ಬರ್ರಿ ಅನ್ನಲಿಲ್ಲ, ಅಷ್ಟೇ ಫರಕು. "ನಾಳಿ ಬಾ."

ಮರುದಿನ ಅವಳು ಬರಲಿಲ್ಲ. ನಾಲ್ಕನೇ ದಿನ ಅವಳು ಲಗ್ನ ಆದ ಸುದ್ದಿ ಬಂತು. ಸುಧಾಕರ ಮನೆಯಲ್ಲಿ ಅವಳ ಹೆಸರು ತೆಗೆಯಬಾರದು ಅಂದ. ಯಾರೂ ತೆಗೆಯಲಿಲ್ಲ. ಹೆಸರು ತೆಗೆಯದ ಮನೆ ಹೇಗಿರುತ್ತದೆ ಅಂದರೆ, ಊಟಕ್ಕೆ ಕೂತಾಗ ಮಧ್ಯೆ ಒಂದು ತಾಟು ಹಿಡಿಯುವಷ್ಟು ಜಾಗ ಬಿಟ್ಟು ಎಲ್ಲರೂ ಕೂಡುತ್ತಿದ್ದರು, ಯಾರೂ ಹೇಳಿಕೊಟ್ಟಿರಲಿಲ್ಲ.

ರಿಟೈರಾದ ಮೇಲೆ ಅವನು ಮೋಮಿನಪುರಕ್ಕೆ ಹೋಗಿ ಬುರ್ಹಾನುದ್ದೀನನ ಮನೆ ಮುಂದಿನ ಹೋಟೆಲಿನಲ್ಲಿ ಕೂಡುವುದು ರೂಢಿಯಾಯಿತು. ಬುರ್ಹಾನುದ್ದೀನನ ಮೊಮ್ಮಗಳು ಅಫ್ರೀನ್ ಕಾಲೇಜು ಓದುವವಳು, ಒಂದು ದಿನ ಅವನ ಫೋನಿನಲ್ಲಿ ಫೋಟೋ ಹಾಕುವ ಆ್ಯಪು ಹಚ್ಚಿಕೊಟ್ಟಳು. ಅವನ ಬಳಿ ಇದ್ದದ್ದು ಕಚೇರಿಯ ಗುರುತುಚೀಟಿಯ ಫೋಟೋ ಒಂದೇ, ಟೊಪ್ಪಿಗೆ ಹಾಕಿಕೊಂಡದ್ದು. "ಅರೇ ಹಣಮಂತ್‌ರಾವ್ ಭಾಯ್, ಇದನ್ನ ನೋಡಿದ್ರ ನನಗೇ ಸಲಾಮ್ ಹೊಡಿಬೇಕು ಅನಸ್ತದ," ಅಂದ ಬುರ್ಹಾನುದ್ದೀನ್. ಗುಟ್ಟಿನ ಪದ ಒಂದು ಬೇಕು ಕಾಕಾ ಅಂತ ಅಫ್ರೀನ್ ಅಂದಾಗ ಹಣಮಂತರಾಯನಿಗೆ ಹೊಳೆದದ್ದು ಒಂದೇ ಪದ, ಮನೆಯಲ್ಲಿ ತೆಗೆಯಬಾರದ ಹೆಸರು. ಅಫ್ರೀನ್ ಅದನ್ನು ಇಂಗ್ಲಿಷ್ ಅಕ್ಷರದಲ್ಲಿ, ಹುಟ್ಟಿದ ಇಸವಿ ಸೇರಿಸಿ, ಅವನ ಬಸ್ ಪಾಸಿನ ಹಿಂದೆ ಬರೆದುಕೊಟ್ಟಳು. ಏನೂ ಕೇಳಲಿಲ್ಲ. ಆಮೇಲೆ ಅದೇ ಹೆಸರನ್ನು ಹುಡುಕುವ ಜಾಗದಲ್ಲಿ ಒತ್ತಿದಳು. ಹತ್ತಾರು ಸುಮಂಗಲಾ ಬಂದರು. ಮೂರನೆಯವಳು ಅವನ ಮಗಳು.

ಕಡಲೆಕಾಳಿಗಿಂತ ಸ್ವಲ್ಪ ದೊಡ್ಡ ಒಂದು ದುಂಡು. ಅದರೊಳಗೆ ಅವಳು. ಕೆಳಗೆ, ಈ ಖಾತೆ ಖಾಸಗಿಯಾಗಿದೆ. "ಒಳಗ ಬಿಡ್ರಿ ಅಂತ ಕೇಳಬೇಕು ಕಾಕಾ," ಅಂದಳು ಅಫ್ರೀನ್, ನೀಲಿ ಗುಂಡಿ ಒತ್ತಿದಳು. ಗುಂಡಿ ಬೂದಾಯಿತು. ಅದರ ಮೇಲೆ ಒಂದು ಪದ ಬಂತು, ವಿನಂತಿಸಲಾಗಿದೆ. ಹಣಮಂತರಾಯನಿಗೆ ಈ ವ್ಯವಹಾರ ಪೂರ್ತಿ ಅರ್ಥವಾಯಿತು. ಚೀಟಿ ಒಳಗೆ ಹೋಗಿದೆ. ಮೇಜಿನ ಅಂಚಿಗೆ ಇಟ್ಟಿದ್ದಾರೆ. ಈಗ ಹೊರಗೆ ಕೂತು ಕಾಯುವುದು. ಕಾಯುವುದರಲ್ಲಿ ತನಗಿಂತ ಪಳಗಿದವರು ಯಾರಿದ್ದಾರೆ? ಏಳು ತಿಂಗಳು ಕಾದ. ದಿನಾ ಬೆಳಿಗ್ಗೆ ಚಹಾ ಕುಡಿದು, ಕನ್ನಡಕ ಒರೆಸಿಕೊಂಡು, ಆ ದುಂಡನ್ನು ತೆಗೆದು ನೋಡಿ ಮುಚ್ಚುತ್ತಿದ್ದ. ಕಳೆದ ತಿಂಗಳು ದುಂಡಿನ ಚಿತ್ರ ಬದಲಾಯಿತು; ಹೊಸದರಲ್ಲಿ ಅವಳು ಎಡಗೈಯಲ್ಲಿ ಏನನ್ನೋ ಅವಚಿಕೊಂಡಿದ್ದಳು. ಕೆಂಪಗಿತ್ತು. ಕಮಲಾಪುರದ ಕೆಂಬಾಳೆಯ ಚಿಪ್ಪು ಇರಬಹುದು. ಆ ಊರಲ್ಲಿ ಬಾಳೆಯ ಹಣ್ಣೂ ಕೆಂಪು, ಮಣ್ಣೂ ಕೆಂಪು. ಅಥವಾ. ಆ ಅಥವಾದ ಮುಂದಕ್ಕೆ ಅವನು ಹೋಗುತ್ತಿರಲಿಲ್ಲ. ಬೆರಳಿನಿಂದ ಹಿಗ್ಗಿಸಲು ನೋಡಿದರೆ ದುಂಡು ಹಿಗ್ಗದು. ಒಂದು ದಿನ ಹೀಗೆ ನೋಡುತ್ತ ಕೂತಾಗ ಹಿಂದೆ ಅಕ್ಕಿ ಆರಿಸುತ್ತಿದ್ದ ಶೇವಂತಾ, ತಲೆ ಎತ್ತಿಯೂ ಎತ್ತದ ಹಾಗೆ, "ಕೂಸದು," ಅಂದಳು. ಅಂದವಳೇ ಮೊರ ಎತ್ತಿಕೊಂಡು ಒಳಗೆ ಹೋದಳು. ಹೆಂಡತಿಗೆ ಎಲ್ಲ ಗೊತ್ತು ಅನ್ನುವುದು ಅವನಿಗೆ ಆವತ್ತೇ ಗೊತ್ತಾದದ್ದು. "ಬಾಳಿಹಣ್ಣು," ಅಂದ ಅವನು, ಖಾಲಿ ಬಾಗಿಲಿಗೆ.

ಬಸ್ಸು ಮಹಾಗಾಂವ ಕ್ರಾಸಿನಲ್ಲಿ ನಿಂತಿತು. ತೊಗರಿ ಕೊಯ್ದ ಹೊಲಗಳಲ್ಲಿ ಕೂಳೆ ಮಾತ್ರ ನಿಂತಿತ್ತು. ಒಬ್ಬ ಹೆಂಗಸು ಕೂಸನ್ನು ಎತ್ತಿಕೊಂಡು ಹತ್ತಿ ಅವನ ಪಕ್ಕ ಕೂತಳು. ಕೂಸು ಅವನ ತೊಡೆಯ ಮೇಲಿದ್ದ ಕೈಚೀಲಕ್ಕೆ ಕೈ ಹಾಕಿತು. ಚೀಲವನ್ನು ಅವನು ಸರಿಸಿಕೊಂಡ. ಬೆಳಿಗ್ಗೆ ಹೊರಡುವಾಗ ಶೇವಂತಾ ಎಲ್ಲಿಗೆ ಹೊಂಟ್ರಿ ಅಂದಿದ್ದಳು. ಪಿಂಚಣಿ ಕಚೇರಿಗೆ ಅಂದಿದ್ದ. ಅವಳು ಟ್ರಂಕು ತೆಗೆದು, ಹಳೇ ಸೀರೆಯ ಅಂಚಿನಲ್ಲಿ ಕೈಯಾರೆ ಹೊಲಿದ ಒಂದು ಕುಂಚಿಗೆಯನ್ನು, ಕೂಸಿನ ತಲೆಗೂ ಬೆನ್ನಿಗೂ ಹೊದಿಸುವಂಥದ್ದನ್ನು, ಮಡಚಿ ಚೀಲದೊಳಗೆ ಇಟ್ಟಳು. "ಪಿಂಚಣಿ ಕಚೇರ್ಯಾಗ ಥಂಡಿ ಭಾಳ ಇರ್ತದ," ಅಂದಳು. ಅವಳ ಮುಖ ನೋಡುವ ಧೈರ್ಯ ಆಗಲಿಲ್ಲ. ಯಾವಾಗ ಹೊಲಿದಳೋ. ಅವನು ದುಂಡು ನೋಡುತ್ತಿದ್ದ ಅಷ್ಟೂ ದಿನ ಅವಳು ದಾರ ಪೋಣಿಸುತ್ತಿದ್ದಳೋ.

ಚಿತ್ರ ದೊಡ್ಡದು ಮಾಡಿ ತೋರಿಸುವ ಆ್ಯಪು ಇರುತ್ತದೆ ಅಂತ ಹೇಳಿದ್ದು ಬುರ್ಹಾನುದ್ದೀನ್. ಯಾವುದೋ ವಿಡಿಯೋದ ನಡುವೆ ಜಾಹೀರಾತು ಬಂದಿತ್ತಂತೆ. "ಕೀಲಿ ಹಾಕಿದ್ದನ್ನೂ ತೋರಸ್ತಾವಂತ ಭಾಯ್. ಬಂದ್ ಬಾಗಲದಾಗ ಕಿಂಡಿ ಇದ್ದಂಗ." ಅಲ್ಲೇ ನಿಂತಿದ್ದ ಅಫ್ರೀನ್, "ನಕ್ಕೋ ಕಾಕಾ, ಬ್ಯಾಡ, ಅವೆಲ್ಲ ಚೋರ್ ಇರ್ತಾವ. ನಿಮ್ಮ ಪಾಸ್‌ವರ್ಡ್ ಇಸ್ಕೊಂಡು ನಿಮ್ಮನ್ನೇ ಹೊರಗ ಹಾಕ್ತಾವ," ಅಂದಳು. ಅವಳು ಹೇಳಿದ್ದು ಅವನಿಗೆ ಕೇಳಿಸಿತ್ತು. ಕೇಳಿಸಲಿಲ್ಲ ಅಂತ ಯಾರ ಮುಂದೆ ಸುಳ್ಳು ಹೇಳಿದರೂ ತನ್ನ ಮುಂದೆ ಹೇಳಲಾಗದು. ಸೋಮವಾರ ಮಧ್ಯಾಹ್ನ ಶೇವಂತಾ ಬುದ್ಧವಿಹಾರದ ಹೆಂಗಸರ ಸಭೆಗೆ ಹೋಗಿದ್ದಳು, ಸುಧಾಕರ ದವಾಖಾನೆಯ ಲ್ಯಾಬಿಗೆ, ರಕ್ತ ತೆಗೆಯುವ ಕೆಲಸಕ್ಕೆ. ಗೋಡೆಯ ಮೇಲೆ ಬುದ್ಧನ ಫೋಟೋ, ಪಕ್ಕದಲ್ಲಿ ಬಾಬಾಸಾಹೇಬರದು. ಬಾಬಾಸಾಹೇಬರ ಕನ್ನಡಕ ತನ್ನನ್ನೇ ನೋಡುತ್ತಿದೆ ಅನ್ನಿಸಿ ಗೋಡೆಗೆ ಬೆನ್ನು ಮಾಡಿ ಕೂತ. ಆ್ಯಪು ಬಂತು. ಭೂತಗನ್ನಡಿಯ ಗುರುತು ಇತ್ತು. ಹೆಸರು ಕೇಳಿತು, ಗುಟ್ಟಿನ ಪದ ಕೇಳಿತು. ಬಸ್ ಪಾಸು ತಿರುವಿ ಒಂದೊಂದೇ ಅಕ್ಷರ ಒತ್ತಿದ. ಮಗಳ ಹೆಸರನ್ನು ಅಷ್ಟು ನಿಧಾನವಾಗಿ, ಅಷ್ಟು ಜೋಪಾನವಾಗಿ ಅವನು ಹಿಂದೆಂದೂ ಬರೆದಿರಲಿಲ್ಲ.

ಆಮೇಲೆ ಪರದೆಯ ಮೇಲೆ ಒಂದು ಬಿಳಿ ಚೌಕ ಎದ್ದಿತು. ಮೇಲಿನ ಸಾಲು ಉದ್ದವಿತ್ತು, ಅದರಲ್ಲಿ ಪ್ರವೇಶಿಸಲು ಅನ್ನುವ ಪದ ಮಾತ್ರ ತಿಳಿಯಿತು. ಕೆಳಗೆ ಎರಡೇ ಪದ, ಸ್ವಚ್ಛ ಕನ್ನಡದಲ್ಲಿ. ನಿರಾಕರಿಸಿ. ಅನುಮತಿಸಿ. ಹಣಮಂತರಾಯ ಕನ್ನಡಕ ತೆಗೆದು ಮತ್ತೆ ಹಾಕಿಕೊಂಡ. ಅನುಮತಿ. ಆ ಪದವನ್ನು ಮಗಳು ಚೀಟಿಯಲ್ಲಿ ಬರೆದ ಮೇಲೆ ಯಾರೂ ಅವನಿಗೆ ಬರೆದಿರಲಿಲ್ಲ. ಮೂವತ್ತನಾಲ್ಕು ವರ್ಷ ಬೇರೆಯವರ ಅನುಮತಿಯನ್ನು ಹೊತ್ತು ತಿರುಗಿದವನ ಹತ್ತಿರ ಅನುಮತಿ ಕೇಳಿದವಳು ಅವಳೊಬ್ಬಳೇ. ಒಳಗಿನಿಂದ ಮತ್ತೆ ಕೇಳುತ್ತಿದ್ದಾಳೆ ಅಂತ ಅವನಿಗೆ ಅನ್ನಿಸಿಬಿಟ್ಟಿತು. ಅನ್ನಿಸಿತು ಅಂದರೆ, ಯಂತ್ರ ಕೇಳುತ್ತಿದೆ ಅಂತ ತಲೆಗೆ ಗೊತ್ತಿತ್ತು, ಬೆರಳಿಗೆ ಗೊತ್ತಿರಲಿಲ್ಲ. ಅವನು ಅನುಮತಿಸಿ ಒತ್ತಿದ. ಮತ್ತೊಂದು ಚೌಕ ಬಂತು, ಅದೇ ಎರಡು ಪದ. ಒತ್ತಿದ. ಮೂರನೆಯದು. ಹೂಂ ಅವ್ವ, ಹೂಂ ಅಂತ ಬಾಯಿಬಿಟ್ಟು ಅಂದುಕೊಂಡೇ ಒತ್ತಿದ. ಕಣ್ಣಲ್ಲಿ ನೀರು ಬಂದಿತ್ತು. ಆಮೇಲೆ ಚಿತ್ರ ದೊಡ್ಡದಾಯಿತು. ಪರದೆ ತುಂಬ ಬಂತು. ಒಡೆದ ಹಾಲಿನ ಹಾಗೆ ಒಡೊಡೆದು ಬಂತು. ಮೂಗು ಇರುವಲ್ಲಿ ಮೂಗಿಲ್ಲ, ಕಣ್ಣಿರುವಲ್ಲಿ ಎರಡು ಕಪ್ಪು ಚೌಕ. ಕೆಂಪು ಇತ್ತು, ಕೆಂಪು ಅನ್ನುವುದು ಬಿಟ್ಟರೆ ಅದರಲ್ಲಿ ಏನೂ ಇರಲಿಲ್ಲ. ಚಿಕ್ಕದಿದ್ದಾಗ ಮಗಳಾದರೂ ಇದ್ದಳು.

ಗುರುವಾರ ಸಂಜೆ ಸುಧಾಕರ ಚಪ್ಪಲಿ ಬಿಡದೆ ಒಳಗೆ ಬಂದ. "ಯಪ್ಪಾ, ನೀ ಯಾವಾಗಿಂದ ಜೂಜು ಆಡಸಾಕತ್ತಿ?" ಅಂದ. ತನ್ನ ಫೋನು ಹಿಡಿದ. ಅದರಲ್ಲಿ ಟೊಪ್ಪಿಗೆ ಹಾಕಿಕೊಂಡ ಹಣಮಂತರಾಯ, ಅದರ ಕೆಳಗೆ ಒಂದೇ ದಿನದಲ್ಲಿ ಲಕ್ಷಾಧೀಶರಾಗಿ ಅನ್ನುವ ಬರಹ, ಅರೆಬಟ್ಟೆಯ ಹೆಂಗಸರ ಚಿತ್ರ. "ಲ್ಯಾಬಿನವರೆಲ್ಲ ನಗಾಕತ್ತಾರ. ನಿಮ್ಮ ಅಪ್ಪ ಲಕ್ಷಾಧೀಶ ಆದ್ರೂ ನೀ ಇನ್ನಾ ಸೂಜಿ ಚುಚ್ಚಕೋತ ಕುಂತೀಯಲ್ಲೋ ಅಂತಾರ." ಹಣಮಂತರಾಯ ತನ್ನ ಫೋನು ತೆಗೆದು ನೋಡಿದ. ಅದು ಅವನನ್ನೇ ಯಾರು ನೀವು ಅಂತ ಕೇಳಿತು. ಬಸ್ ಪಾಸಿನ ಹಿಂದಿನ ಪದ ಕೊಟ್ಟ. ತಪ್ಪು ಅಂದಿತು.

"ಪಾಸ್‌ವರ್ಡ್ ಯಾರಿಗೆ ಕೊಟ್ಟಿ?"

"ಚಿತ್ರ ದೊಡ್ಡದು ಮಾಡೋದು ಒಂದು ಇತ್ತು. ಅದು ಕೇಳ್ತು."

"ಕೇಳಿದ್ರ ಕೊಡೋದೇನು?"

"ಅನುಮತಿ ಕೇಳ್ತು. ಕೊಟ್ಟೆ."

ಒಲೆಯ ಮುಂದೆ ರೊಟ್ಟಿ ಬಡಿಯುತ್ತಿದ್ದ ಶೇವಂತಾ ಕೈ ನಿಲ್ಲಿಸಲಿಲ್ಲ. "ಕೇಳಬೇಕಾದವರು ಕೇಳಿದಾಗ ಬಾಯಾಗ ಬೆಲ್ಲ ಇತ್ತು," ಅಂದಳು.

ಸುಧಾಕರ ಅಷ್ಟರಲ್ಲಿ ಮತ್ತೇನೋ ಒತ್ತಿ ನೋಡುತ್ತಿದ್ದ. ಅವನ ಮುಖ ಬದಲಾಯಿತು. ಮೂರು ವರ್ಷದಿಂದ ಹೇಳದ ಹೆಸರು ಅವನ ಬಾಯಲ್ಲಿ ಒಮ್ಮೆ ತೊದಲಿ ಬಂತು. "ಸುಮಕ್ಕಗ ನೀ ರಿಕ್ವೆಸ್ಟ್ ಕಳಿಸಿದ್ದಿ?" ಹಣಮಂತರಾಯ ಬಸ್ ಪಾಸನ್ನು ಕಿಸೆಗೆ ಹಾಕಿಕೊಂಡ. "ಆಕಿ ಒಪ್ಪಿಕೊಂಡಾಳ. ನೋಡಿಲ್ಲಿ. ನಿನ್ನ ಪಟ್ಟ್ಯಾಗ ಕೂಡಿಕೊಂಡವರು ಒಂದ ಹೆಸರ ಅದ, ಆಕೀದ."

ಏಳು ತಿಂಗಳು. ಸೋಮವಾರದ ತನಕ ಆ ಗುಂಡಿ ಬೂದು ಇತ್ತು. ಸೋಮವಾರದ ಮೇಲೆ ಯಾವ ಗಳಿಗೆಯಲ್ಲೋ ಸಾಹೇಬರು ತಲೆ ಎತ್ತಿದ್ದಾರೆ, ಒಳಗೆ ಬಿಡು ಅಂದಿದ್ದಾರೆ. ಅವನಿಗೆ ಮೊದಲು ಸಂತೋಷವೇ ಆಯಿತು. ಅಷ್ಟು ಹೊತ್ತು ಸಂತೋಷಪಟ್ಟದ್ದು ಈಗ ಬಸ್ಸಿನಲ್ಲಿ ಕೂತಾಗ ನಾಚಿಕೆ ತರುತ್ತಿತ್ತು. ಸುಧಾಕರ ನೆಲ ನೋಡುತ್ತ ಅಂದಿದ್ದ, "ಚೀಟಿ ಕಳಿಸಿದವ ನೀ ಯಪ್ಪಾ. ಒಳಗ ಹೋದವ ಬ್ಯಾರೆ." ಅವಳ ಫೋನ್ ನಂಬರು ಯಾರ ಹತ್ತಿರವೂ ಇರಲಿಲ್ಲ. ಇರಬಾರದು ಅಂತ ಅಳಿಸಿದವರೇ ಎಲ್ಲರೂ. ಅಫ್ರೀನ್ ದೂರು ಕೊಡುವ ಜಾಗ ಹುಡುಕಿ ದೂರು ಕೊಟ್ಟಳು. ನಿಮ್ಮ ವಿನಂತಿಯನ್ನು ಪರಿಶೀಲಿಸಲಾಗುತ್ತಿದೆ ಅಂತ ಉತ್ತರ ಬಂತು. ಹಣಮಂತರಾಯನಿಗೆ ಅದರ ಅರ್ಥ ಯಾರೂ ಹೇಳಬೇಕಾಗಿರಲಿಲ್ಲ.

ಪಕ್ಕದ ಹೆಂಗಸಿನ ಕೂಸು ಅಳತೊಡಗಿತು. "ಅಳಬ್ಯಾಡ, ಗುಮ್ಮ ಬರ್ತದ," ಅಂದಳು ಅವಳು. ಗುಮ್ಮ ಬಂದ ವರ್ಷ ಅವನಿಗೆ ನೆನಪಿದೆ. ಆ ವರ್ಷ ಊರೂರಲ್ಲಿ ಸುದ್ದಿ, ಒಂದು ದೆವ್ವ ಬಂದು ಬಾಗಿಲು ಬಡಿಯುತ್ತದೆ, ಮನೆಯವರದೇ ದನಿಯಲ್ಲಿ ಹೆಸರು ಹಿಡಿದು ಕೂಗುತ್ತದೆ, ಓ ಅಂದು ತೆರೆದವರು ಸಾಯುತ್ತಾರೆ. ಓಣಿಯ ಎಲ್ಲ ಬಾಗಿಲ ಮೇಲೆ ನಾಳೆ ಬಾ ಅಂತ ಬರೆದಿದ್ದರು. ದೆವ್ವ ಓದಿಕೊಂಡು ಹೋಗಬೇಕು, ಮರುದಿನ ಬಂದು ಮತ್ತೆ ಓದಬೇಕು. ಹಣಮಂತರಾಯನೂ ಇದ್ದಿಲಿನಿಂದ ಬರೆದ, ಓಣಿಯಲ್ಲಿ ಚಂದ ಅಕ್ಷರ ಅಂತ ನಾಲ್ಕು ಮನೆಯವರಿಗೆ ಬರೆದುಕೊಟ್ಟ. ಸುಮಂಗಲಾ ಆಗ ಒಂದನೇ ಇಯತ್ತೆ. ಅವನ ಬೆರಳು ಹಿಡಿದು ನಿಂತು ಕೇಳಿದ್ದಳು, "ಅಪ್ಪಾ, ಅದು ನಿನ್ನ ದನಿಲೆ ಬಂದ್ರ?" ಅವನು ಅಂದಿದ್ದ, "ನನ್ನ ದನಿಲೆ ಬಂದ್ರೂ ತೆರಿಬ್ಯಾಡ. ನಾಳಿ ಬಾ ಅನ್ನು." "ಖರೇನ ನೀನೇ ಬಂದಿದ್ರ?" ಅದಕ್ಕೆ ಅವನು ಏನು ಹೇಳಿದ? ನಕ್ಕಿರಬೇಕು.

ಕಮಲಾಪುರದಲ್ಲಿ ಇಳಿದಾಗ ಕಲ್ಲುಬೆಂಚು ಖಾಲಿ ಇತ್ತು. ಕಾಲು ಅದರ ಕಡೆ ತಾನೇ ಹೊರಟಿತು. ಈ ಸಲ ಬೇಡ ಅಂದುಕೊಂಡು ರಸ್ತೆ ದಾಟಿದ. ತಳ್ಳುಗಾಡಿಯ ಮೇಲೆ ಕೆಂಬಾಳೆ ಒಟ್ಟಿಕೊಂಡು ಕೂತ ಒಬ್ಬನಿಗೆ ಅರುಣಕುಮಾರ ಅವರ ಮನಿ ಅಂದ. ಬಾಳೆಯವನು ಹಣ್ಣು ಒರೆಸುವುದು ನಿಲ್ಲಿಸಿದ.

"ಯಾವ ಅರುಣಕುಮಾರ? ಫೋಟೋದ ಮನಿ ಏನು?"

ಹಣಮಂತರಾಯನಿಗೆ ತಿಳಿಯಲಿಲ್ಲ. ಬಾಳೆಯವನು ಪಕ್ಕದ ಪಾನ್ ಅಂಗಡಿಯವನ ಕಡೆ ಕಣ್ಣು ಹೊಡೆದ. "ಬುಧವಾರದಿಂದ ಆ ಮನಿ ಕೇಳವರು ಭಾಳ ಆಗ್ಯಾರ ನೋಡಪ. ಬಾಣಂತಿ ಕೋಣ್ಯಾಗಿನ ಫೋಟೋ ಎಲ್ಲಾ ಪೇಟ್ಯಾಗ ಬಂದಾವ. ಯಾರ ಫೋನ್ಯಾಗ ನೋಡಿದ್ರೂ ಅವೇ." ಆಮೇಲೆ ಇವನ ವಯಸ್ಸು ನೋಡಿ ಸ್ವಲ್ಪ ತಗ್ಗಿದ. "ಅಗಸಿ ದಾಟಿ ಎಡಕ್ಕ ಹೋಗ್ರಿ, ನೀಲಿ ಬಾಗಲಾ. ತಾವು ಅವರಿಗೆ ಏನಾಗಬೇಕು?"

"ಚೀಟಿ ಕೊಡಾಕ ಬಂದೀನಿ," ಅಂದ ಹಣಮಂತರಾಯ.

ಬಾಣಂತಿ ಕೋಣೆ. ಅಂದರೆ ಅದು ಕೂಸು. ಶೇವಂತಾ ಗೆದ್ದಳು. ಒಂದು ಮೊಮ್ಮಗುವಿನ ಸುದ್ದಿಯನ್ನು ಪಾನ್ ಅಂಗಡಿಯ ಮುಂದೆ, ಇಬ್ಬರು ಗಂಡಸರ ಹಲ್ಲಿನ ನಡುವಿನಿಂದ ಕೇಳಿಸಿಕೊಳ್ಳುವುದು ಹಣೆಯಲ್ಲಿತ್ತು. ಚೀಲ ಕಂಕುಳಲ್ಲಿ ಒತ್ತಿಕೊಂಡು ಅವನು ಅಗಸಿಯ ಹೆಬ್ಬಾಗಿಲು ದಾಟಿದ. ನಡೆಯುತ್ತ ನಡೆಯುತ್ತ ಹೇಳಬೇಕಾದದ್ದನ್ನು ಸಾಲಾಗಿ ಜೋಡಿಸಿಕೊಂಡ. ಅವ್ವಾ, ನನ್ನ ಹೆಸರಿನಿಂದ ಯಾರಾದರೂ ಬಂದರೆ. ಈ ಮಾತಿನ ತಲೆಯೇ ಬುಡವಾಗಿತ್ತು. ಬಂದವನು ಬಂದು ಹೋಗಿದ್ದ. ತಾನೇ ಆ ಬಂದವನು ಅಲ್ಲ ಅಂತ ಹೇಳಲಿಕ್ಕೆ ತನ್ನ ಹತ್ತಿರ ಇದ್ದದ್ದೂ ಅದೇ ಮುಖ, ಅದೇ ಹೆಸರು.

ನೀಲಿ ಬಾಗಿಲು ಅರ್ಧ ತೆರೆದಿತ್ತು. ಪಡಸಾಲೆಯಲ್ಲಿ ಸುತ್ತಿಟ್ಟ ಹಾಸಿಗೆ, ಒಂದು ಸ್ಟೋವು, ಬಟ್ಟೆಯ ಟ್ರಂಕು. ಅದರಾಚೆ ನಡುಮನೆಯ ಬಾಗಿಲು ಮುಚ್ಚಿತ್ತು. ಅವನು ಚಿಲಕ ಬಡಿದ. ಬಡಿದು, ಎರಡು ಹೆಜ್ಜೆ ಹಿಂದೆ ಸರಿದು, ಗೋಡೆಯ ಪಕ್ಕ ನಿಂತ. ಮೂವತ್ತನಾಲ್ಕು ವರ್ಷ ನಿಂತ ಜಾಗವೇ ಅದು, ಬಾಗಿಲ ಬಲಕ್ಕೆ. ಸುಮಂಗಲಾ ಬಂದಳು. ತುಂಬು ಗಾತ್ರದಲ್ಲಿ ಬಂದಳು. ಏಳು ತಿಂಗಳು ಕಡಲೆಕಾಳಿನಷ್ಟು ನೋಡಿದ ಕಣ್ಣಿಗೆ ಅದು ಒಮ್ಮೆಲೆ ತಾಳಲಿಲ್ಲ. ಕಿವಿಗೆ ಬಟ್ಟೆ ಕಟ್ಟಿದ್ದಳು, ಬಾಣಂತಿಯರು ಕಟ್ಟುವ ಹಾಗೆ. ಕಣ್ಣ ಸುತ್ತ ಕಪ್ಪಾಗಿತ್ತು. ಅವನನ್ನು ನೋಡಿ ಅವಳು ಬಾಗಿಲ ಚೌಕಟ್ಟು ಹಿಡಿದಳು.

"ಈಗ ನೀನ ಬಂದೀಯೇನು?" ಅಂದಳು. "ಖರೇನ ನೀನ?"

"ನಾನವ್ವ."

"ಆವತ್ತೂ ಹಂಗ ಅಂದಿ. ಅಪ್ಪಾ, ನೀನೇನು ಅಂತ ಬರದು ಕೇಳಿದೆ. ಹೌದು ಅಂತ ಬಂತು." ಅವಳ ದನಿ ತಗ್ಗಿನಲ್ಲಿತ್ತು, ಒಳಗೆ ಕೇಳಬಾರದು ಅನ್ನುವ ಹಾಗೆ. "ಮೂರು ವರ್ಷದ ಮ್ಯಾಲ ಹೌದು ಅಂದ ನಮ್ಮಪ್ಪ, ಅಂತ ಕೂಸಿನ್ನ ಎತ್ತಿಕೊಂಡು ಕುಣದೆ ನಾ. ಆಮ್ಯಾಲ, ನಿಮ್ಮ ಸಹಾಯ ಬೇಕು, ನಿಮ್ಮ ಫೋನಿಗೆ ಒಂದು ನಂಬರ್ ಬರುತ್ತದೆ ಕಳಿಸಿ, ಅಂತ ಬಂತು. ನಿಮ್ಮ ಅಂತ, ಕಳಿಸಿ ಅಂತ. ಅಪ್ಪ ಇನ್ನಾ ಸಿಟ್ಟಿಲೆ ಇದ್ದಾನ, ಅದಕ್ಕ ಬಹುವಚನ ಹಚ್ಯಾನ ಅಂದುಕೊಂಡೆ. ಆದ್ರೂ ನನ್ನ ಹಂತ್ಯಾಕ ಒಂದು ಕೇಳ್ಯಾನಲ್ಲ, ಇಲ್ಲ ಅನ್ನಲೇನು? ಕಳಿಸಿದೆ. ಕಳಿಸಿದ ಗಳಿಗ್ಯಾಗ ನಂದೂ ಹೋತು, ಅದರಾಗಿನ ಫೋಟೋ ಎಲ್ಲಾ ಹೋದವು."

ಹಣಮಂತರಾಯ ಬಾಯಿ ತೆರೆದ. ಆ್ಯಪು, ಭೂತಗನ್ನಡಿ, ದುಂಡು, ಕೆಂಪು, ಎಲ್ಲ ಒಟ್ಟಿಗೆ ನಾಲಿಗೆಗೆ ಬಂದು ಅಲ್ಲೇ ಸಿಕ್ಕಿಕೊಂಡವು. ಕೊನೆಗೆ ಹೊರಟದ್ದು ಒಂದೇ. "ನಾ ಅನುಮತಿ ಕೊಟ್ಟೆ ನೋಡವ್ವ. ಮೂರು ಸಲ ಕೊಟ್ಟೆ."

ಅವಳು ಅವನನ್ನೇ ನೋಡಿದಳು. ತಾನು ಏನಂದೆ, ಅದು ಅವಳಿಗೆ ಏನಂತ ಕೇಳಿಸಿತು ಅನ್ನುವುದು ಅವನಿಗೆ ತಡವಾಗಿ ಹೊಳೆಯಿತು. ತಿದ್ದಲು ಹೋದ, ತಿದ್ದಿದರೆ ಇನ್ನೂ ಕೆಡುತ್ತಿತ್ತು. ಅವಳ ತುಟಿಯ ಮೂಲೆಯಲ್ಲಿ ಏನೋ ಬಂದು ಹೋಯಿತು. ಸಾಲಿನಲ್ಲಿ ನಿಂತ ದಿನದ ಆ ಸಣ್ಣ ನಗೆಯ ಎಲುಬು ಇದ್ದಂತಿತ್ತು.

"ಈಗೇನು ಮಾಡ್ಲಿ ಅದನ್ನ ತಗೊಂಡು?" ಅಂದಳು. "ಕೂಸು ಹುಟ್ಟಿದ ಮ್ಯಾಲ ನಡುಮನಿಗೆ ಕರಕೊಂಡಿದ್ರು ಅಪ್ಪಾ. ನಮ್ಮತ್ತಿ ತನ್ನ ಕೈಲೆ ಎಣ್ಣಿ ಹಚ್ಚಿದ್ಲು. ಬುಧವಾರದಿಂದ ಹಾಸಿಗಿ ಇಲ್ಲಿಗೆ ಬಂದದ. ಅವರೂ ಏನ್ ಮಾಡ್ಬೇಕು, ಊರ ಬಾಯಿ. ಇವರು ಪೊಲೀಸರ ಹಂತ್ಯಾಕ ಹೋಗ್ಯಾರ. ಬರದುಕೊಂಡಾರಂತ." ಮುಚ್ಚಿದ ನಡುಮನೆಯ ಆಚೆ ತೊಟ್ಟಿಲ ಹಗ್ಗ ಕಿರ್ ಅನ್ನುತ್ತಿತ್ತು. ಹೋಗುವಾಗ ಒಂದು ದನಿ, ಬರುವಾಗ ಒಂದು ದನಿ. ಹಾಸಿಗೆ ಹೊರಗೆ ಬಂದಿದೆ, ತೊಟ್ಟಿಲು ಒಳಗೇ ಉಳಿದಿದೆ. ಅವನ ಕಣ್ಣು ಅತ್ತ ಹೋದದ್ದನ್ನು ಅವಳು ನೋಡಿದಳು.

"ನೋಡೂದದ ಏನು? ಇಡೀ ಊರು ನೋಡ್ಯಾದ. ನೀ ಒಬ್ಬ ಉಳದೀ."

ಅವನ ತಲೆ ತಾನಾಗಿಯೇ ಅಡ್ಡ ಆಡಿತು. ಬೇಡ ಅಂದನೋ, ಹಾಗಲ್ಲ ಅಂದನೋ. ಕೈ ಚೀಲದೊಳಗೆ ಹೋಗಿ ಕುಂಚಿಗೆಯ ಅಂಚು ಹಿಡಿದಿತ್ತು. ಹೊರಗೆ ಎಳೆಯಲು ಬೆರಳು ಬರಲಿಲ್ಲ. ಕೊಟ್ಟರೆ ಯಾರು ಕೊಟ್ಟ ಹಾಗಾಗುತ್ತದೆ? ಫೋಟೋ ನೋಡಿ ಬಂದವನು ಕೊಟ್ಟ ಹಾಗೆ.

ಒಳಗಿನಿಂದ ಶಂಕ್ರಮ್ಮನ, ಅವಳ ಅತ್ತೆಯ ದನಿ ಬಂತು. "ಸುಮಂಗಲಾ, ಯಾರ ಬಂದಾರ ಬಾಗಿಲಿಗೆ? ಮತ್ತ ಫೋಟೋ ನೋಡವ್ರೇನು?"

ಸುಮಂಗಲಾ ಹಿಂತಿರುಗದೆ ಅಂದಳು, "ಯಾರೂ ಇಲ್ಲ ಅತ್ತಿ."

ತೊಟ್ಟಿಲ ಹಗ್ಗ ಒಂದು ಗಳಿಗೆ ನಿಂತು ಮತ್ತೆ ಕಿರ್ ಅಂದಿತು. ಅವಳು ಬಾಗಿಲ ಮೇಲೆ ಕೈ ಇಟ್ಟಳು. ಅವಳ ಕಣ್ಣು ಅವನ ಮುಖದ ಮೇಲೆ ಮೂಗು, ಕಿವಿ, ಬಿಳಿಗೂದಲು, ಒಂದೊಂದನ್ನೇ ಮುಟ್ಟಿ ಮುಟ್ಟಿ ಹೋಯಿತು, ಚಿತ್ರವನ್ನು ಹಿಗ್ಗಿಸಿ ಹಿಗ್ಗಿಸಿ ನೋಡುವವರ ಹಾಗೆ.

"ನಾಳಿ ಬಾ," ಅಂದಳು.

ಬಾಗಿಲು ಮುಚ್ಚಿತು. ಹಾಕಿದ ಚಿಲಕದ ಸದ್ದು ಸಣ್ಣದಿತ್ತು. ಬಿಸಿಲು ನೀಲಿ ಬಣ್ಣದ ಮೇಲೆ ನೇರ ಬಿದ್ದಿತ್ತು. ಆ ಮಾತು ಒಂದನೇ ಇಯತ್ತೆಯ ಹುಡುಗಿಯದೋ, ಸ್ಟೂಲಿನ ಮೇಲೆ ಕೂತವನದೋ, ಇಲ್ಲಾ ನಾಳೆ ಗಂಡ ಮನೆಯಲ್ಲಿರುತ್ತಾನೆ, ಆಗ ಬಾ ಅನ್ನುವ ಬರೀ ಮಗಳದೋ, ಅವನು ಎಷ್ಟು ಕಿವಿಗೊಟ್ಟರೂ ಬಾಗಿಲು ಏನೂ ಹೇಳಲಿಲ್ಲ. ಅವನು ಗೋಡೆ ಬಿಟ್ಟು ಮುಂದೆ ಬಂದು, ಚೀಲವನ್ನು ಎದೆಗೆ ಅವಚಿಕೊಂಡು, ಬಾಗಿಲ ಸಂದಿಗೆ ಬಾಯಿ ಹತ್ತಿರ ತಂದ. ತನ್ನ ದನಿ ತನ್ನದೇ ಅಂತ ಅವಳಿಗೆ ಗೊತ್ತಾಗುವಷ್ಟು ಜೋರಾಗಿ, ನಡುಮನೆಗೆ ಕೇಳದಷ್ಟು ಮೆತ್ತಗೆ ಕೇಳಿದ.

"ನಾಳಿ ಅಂದ್ರ ಯಾವತ್ತವ್ವಾ?"